ಮೂವರು ಗೂಢಚಾರರು ಒಪ್ಪಿದ ಮೇಲೆಯೇ ಡಬಲ್ ಕ್ಲಿಕ್

ಡೌನ್‌ಲೋಡ್ ಆದ ಫೈಲಿನ ಚೆಕ್‌ಸಮ್, ಅಂದರೆ ಫೈಲ್ ಚೂರು ಬದಲಾದರೂ ಬೇರೆಯಾಗುವ ಅಕ್ಷರಸಾಲು, ತಾಳೆ ನೋಡುವ ಶಿಸ್ತು ನನಗೆ ಮೊದಲಿನಿಂದಲೂ ಇತ್ತು. ಶಿಸ್ತು ಅಂದರೆ ಇಷ್ಟೇ: ಮೊದಲ ನಾಲ್ಕು ಅಕ್ಷರ, ಕೊನೆಯ ನಾಲ್ಕು ಅಕ್ಷರದ ಮೇಲೆ ಕಣ್ಣಾಡಿಸಿ ‘ಸರಿ ಇದೆ’ ಅಂದುಕೊಳ್ಳುವುದು. ಚೆಕ್‌ಸಮ್ ಲೆಕ್ಕ ಹಾಕುವ ಎಸ್‌ಎಚ್‌ಎ-256 ವಿಧಾನ ಕೊಡುವುದು 64 ಅಕ್ಷರ. ನಡುವಿನ 56ನ್ನು ನಾನು ಯಾವತ್ತೂ ಓದಿದವನಲ್ಲ.

ಇದಕ್ಕಿಂತ ದೊಡ್ಡ ತಪ್ಪು ಕಣ್ಣಿಗೆ ಬಿದ್ದದ್ದು ಕೌಟಿಲ್ಯನ ಅರ್ಥಶಾಸ್ತ್ರ ಓದುವಾಗ. ಮೂವರು ಗೂಢಚಾರರ ಮಾತು ಒಂದೇ ಆದರೆ ನಂಬು ಅನ್ನುತ್ತಾನೆ ಅವನು. ಜೊತೆಗೊಂದು ಷರತ್ತು: ಆ ಚಾರರಿಗೆ ಪರಸ್ಪರ ಪರಿಚಯ ಇರಕೂಡದು. ನಾನೋ, ಫೈಲ್ ಇಳಿಸಿಕೊಂಡ ಪುಟದಿಂದಲೇ ಚೆಕ್‌ಸಮ್ ಕಾಪಿ ಮಾಡಿ ಹೋಲಿಸುತ್ತಿದ್ದೆ! ಪುಟಕ್ಕೆ ಕನ್ನ ಹಾಕಿ ಫೈಲ್ ಬದಲಿಸಬಲ್ಲವನಿಗೆ ಅದರ ಕೆಳಗಿನ ಒಂದು ಸಾಲು ತಿದ್ದುವುದು ಯಾವ ಲೆಕ್ಕ? 2016ರ ಫೆಬ್ರವರಿ 20ರಂದು ಲಿನಕ್ಸ್ ಮಿಂಟ್ ಎಂಬ ಆಪರೇಟಿಂಗ್ ಸಿಸ್ಟಂನ ಜಾಲತಾಣಕ್ಕೆ ನುಗ್ಗಿದವರು ಡೌನ್‌ಲೋಡ್ ಲಿಂಕನ್ನೇ ಗುಟ್ಟಾಗಿ ಒಳನುಗ್ಗಲು ಹಿಂಬಾಗಿಲು ಕೊರೆದ ಐಎಸ್‌ಒ (ಇನ್‌ಸ್ಟಾಲ್ ಮಾಡುವ ಫೈಲ್) ಕಡೆಗೆ ತಿರುಗಿಸಿದ್ದರು. ಅಂಥ ದಿನ ನನ್ನ ಇಬ್ಬರು ಸಾಕ್ಷಿಗಳೂ ಒಂದೇ ಮನೆಯವರು.

ಈಗ ಫೈಲ್ ಯಾವ ಮಿರರ್‌ನಿಂದ (ಅದರ ಪ್ರತಿ ಇಟ್ಟುಕೊಂಡ ಬೇರೆ ಸರ್ವರ್‌ನಿಂದ) ಬಂದರೂ ತಲೆ ಕೆಡಿಸಿಕೊಳ್ಳುವುದಿಲ್ಲ. ಚೆಕ್‌ಸಮ್ ಪಟ್ಟಿ ಮಾತ್ರ ಮೂಲ ಜಾಲತಾಣದ್ದೇ ಆಗಬೇಕು, ಅದಕ್ಕೆ ಜಿಪಿಜಿ ಎಂಬ ಸಾಫ್ಟ್‌ವೇರ್ ಪರೀಕ್ಷಿಸಬಲ್ಲ ಡಿಜಿಟಲ್ ಸಹಿ ಇರಬೇಕು. ಸಹಿ ಹಾಕಿದ ಕೀಯ ಫಿಂಗರ್‌ಪ್ರಿಂಟನ್ನು, ಅಂದರೆ ಆ ಕೀಯನ್ನು ಗುರುತಿಸುವ 40 ಅಕ್ಷರಗಳನ್ನು, ಇವೆರಡಕ್ಕೂ ಸಂಬಂಧವಿಲ್ಲದ ಮೂರನೆಯ ಕಡೆ ನೋಡುತ್ತೇನೆ. ನನ್ನ ಯಂತ್ರದಲ್ಲಿ ವರ್ಷಗಳಿಂದ ಉಳಿದಿರುವ ಹಳೆಯ ಕೀ ಸಿಕ್ಕರೆ ಅದಕ್ಕಿಂತ ಒಳ್ಳೆಯ ಚಾರ ಇಲ್ಲ; ಇವತ್ತು ಬೆಳಗ್ಗೆ ನುಗ್ಗಿದ ಕಳ್ಳ ಅವನಿಗೆ ಲಂಚ ಕೊಟ್ಟಿರಲಾರ.

ಜಿಪಿಜಿ ಮೊದಲ ಸಲ ‘ಸಹಿ ಸರಿಯಾಗಿದೆ’ ಎಂದು ಹೇಳಿ, ಮರುಸಾಲಿನಲ್ಲೇ ‘ಈ ಕೀ ಅದರ ಒಡೆಯನದ್ದೇ ಅನ್ನುವುದಕ್ಕೆ ಆಧಾರವಿಲ್ಲ’ ಎಂದಾಗ ಗಾಬರಿಯಾಗಿತ್ತು. ಅದು ಪ್ರಾಮಾಣಿಕವಾಗಿ ಹೇಳುವುದು ಇಷ್ಟೇ: ಮುದ್ರೆ ಒಡೆದಿಲ್ಲ, ಉಂಗುರ ಯಾರದ್ದು ಅಂತ ನೀನೇ ವಿಚಾರಿಸಿಕೋ.

ಕಣ್ಣಳತೆಯ ಹೋಲಿಕೆಯನ್ನೂ ಬಿಟ್ಟೆ. ಚೆಕ್‌ಸಮ್ ಪಟ್ಟಿ ಮತ್ತು ಫೈಲ್ ಒಂದೇ ಫೋಲ್ಡರಿನಲ್ಲಿಟ್ಟು ಕಮಾಂಡಿಗೇ ‘ಚೆಕ್ ಮಾಡು’ ಅಂದರೆ ಅದು ‘ಓಕೆ’ ಅಥವಾ ‘ಫೇಲ್’ ಅನ್ನುತ್ತದೆ. ಒಮ್ಮೆ ಫೇಲ್ ಬಂತು. ಎದೆ ಧಸಕ್ಕೆಂದಿತು, ಶತ್ರು ಬಾಗಿಲಿಗೆ ಬಂದ ಅಂತ. ನೋಡಿದರೆ ಡೌನ್‌ಲೋಡ್ ಅರ್ಧಕ್ಕೆ ಕಡಿದುಹೋಗಿ ಫೈಲ್ ಗಾತ್ರವೇ ಕಡಿಮೆ ಇತ್ತು. ಶತ್ರುವಲ್ಲ, ವೈಫೈ.

ಸಹಿಯೇ ಇಲ್ಲದ ಸಣ್ಣಪುಟ್ಟ ಸಾಫ್ಟ್‌ವೇರ್‌ಗೆ ಬೇರೆ ದಾರಿ. ಅರ್ಥಶಾಸ್ತ್ರದ ರಾಜ ಊಟಕ್ಕೆ ಮೊದಲು ಬೆಂಕಿಗೂ ಹಕ್ಕಿಗಳಿಗೂ ಅನ್ನ ಹಾಕಬೇಕು. ವಿಷವಿದ್ದರೆ ಜ್ವಾಲೆ ನೀಲಿಯಾಗುತ್ತದೆ, ಹಕ್ಕಿ ಸಾಯುತ್ತದೆ. ನನ್ನ ಹಕ್ಕಿ ಒಂದು ವರ್ಚುವಲ್ ಮಷೀನ್, ಅಂದರೆ ಕಂಪ್ಯೂಟರಿನೊಳಗೇ ಓಡುವ ನಕಲಿ ಕಂಪ್ಯೂಟರ್, ನೆಟ್‌ವರ್ಕ್ ಕಿತ್ತಿಟ್ಟದ್ದು. ಪೂರ್ತಿ ನಂಬುವುದಿಲ್ಲ. ತಾನಿರುವುದು ವರ್ಚುವಲ್ ಮಷೀನ್‌ನಲ್ಲಿ ಎಂದು ಪತ್ತೆಹಚ್ಚಿ ಸಾಧುವಿನಂತೆ ಕೂರುವ ಮಾಲ್‌ವೇರ್‌ಗಳೂ ಇವೆ.

ಇಷ್ಟೆಲ್ಲ ಕೋಟೆ ಕಟ್ಟಿಕೊಂಡಿದ್ದಾಗಲೇ 2024ರ ಮಾರ್ಚ್‌ನಲ್ಲಿ ಫೈಲ್ ಕುಗ್ಗಿಸುವ ಎಕ್ಸ್‌ಝಡ್ ಯುಟಿಲ್ಸ್ ಎಂಬ ಸಾಫ್ಟ್‌ವೇರಿನ ಸುದ್ದಿ ಬಂತು. 5.6.0 ಮತ್ತು 5.6.1 ಆವೃತ್ತಿಗಳಲ್ಲಿ ಹಿಂಬಾಗಿಲು ಇಟ್ಟವನು ಬಿಡುಗಡೆಗೆ ಸಹಿ ಹಾಕುವ ಅಧಿಕಾರವಿದ್ದವನೇ. ದೂರದ ಯಂತ್ರದೊಳಗೆ ಹೋಗುವ ಎಸ್‌ಎಸ್‌ಎಚ್ ಲಾಗಿನ್ ಸುಮಾರು ಅರ್ಧ ಸೆಕೆಂಡ್ ತಡವಾಗುತ್ತಿದೆ ಏಕೆ ಎಂದು ಒಬ್ಬ ಎಂಜಿನಿಯರ್ ಬೆನ್ನುಹತ್ತಿದ್ದರಿಂದ ಅದು ಬಯಲಾಯಿತು. ಆ ಫೈಲನ್ನು ನಾನು ಇಳಿಸಿದ್ದರೆ ನನ್ನ ಮೂವರು ಚಾರರೂ ‘ಸರಿ ಇದೆ’ ಅಂತಲೇ ವರದಿ ಕೊಡುತ್ತಿದ್ದರು. ಅಮಾತ್ಯರನ್ನು ಆಮಿಷ ಒಡ್ಡಿ ಪರೀಕ್ಷಿಸು ಎಂದು ಕೌಟಿಲ್ಯ ಹೇಳಿದ್ದು ಇಂಥವರಿಗಾಗಿಯೇ, ಆದರೆ ಅದು ನನ್ನ ಕೈಯಲ್ಲಿ ಆಗುವ ಕೆಲಸವಲ್ಲ.

ಹಾಗಾಗಿ ಷಾಡ್ಗುಣ್ಯದಿಂದ, ಅಂದರೆ ಕೌಟಿಲ್ಯ ಹೇಳುವ ಆರು ರಾಜನೀತಿ ತಂತ್ರಗಳಿಂದ, ಇನ್ನೊಂದನ್ನು ಎರವಲು ಪಡೆದಿದ್ದೇನೆ. ಹೊಸ ಆವೃತ್ತಿ ಬಂತೆಂದರೆ ಎರಡು ವಾರ ಆಸನ, ಸುಮ್ಮನೆ ಕೂತು ಕಾಯುವುದು. ಸೆಕ್ಯುರಿಟಿ ಪ್ಯಾಚ್ ಆದರೆ ಮಾತ್ರ ಅವತ್ತೇ ಯಾನ, ದಂಡೆತ್ತಿ ಹೊರಡುವುದು.