ಲಿನಕ್ಸ್‌ನಲ್ಲಿ ವರ್ಚುವಲ್‌ಡಬ್: ಹಳೆ ಯಕ್ಷಗಾನದ ಕ್ಯಾಸೆಟ್ ಹಸನು ಮಾಡುವುದು

ನನ್ನ ಹತ್ತಿರ ಬರುವುದೆಲ್ಲ ಹೆಚ್ಚಾಗಿ ಯಕ್ಷಗಾನದ ವಿಎಚ್‌ಎಸ್ ಕ್ಯಾಸೆಟ್‌ಗಳೇ. ಕತ್ತರಿಸಿ ಜೋಡಿಸಲು ಲಿನಕ್ಸ್‌ನದೇ ಆದ ಕೆಡೆನ್‌ಲೈವ್ ಧಾರಾಳ ಸಾಕು. ಕ್ಯಾಸೆಟ್‌ನಿಂದ ಇಳಿಸಿದ ಚಿತ್ರವನ್ನು ಹಸನು ಮಾಡಲು ಮಾತ್ರ ಕೈ ಇನ್ನೂ ವರ್ಚುವಲ್‌ಡಬ್ ಕಡೆಗೇ ಹೋಗುತ್ತದೆ. ಅದು ವಿಂಡೋಸ್‌ನ ವಿಡಿಯೊ ತಂತ್ರಾಂಶ. ಹಾಗಂತ ಇನ್ನೊಂದು ವಿಂಡೋಸ್ ಹಾಕಿಕೊಳ್ಳಬೇಕಿಲ್ಲ, ವಿಂಡೋಸ್ ತಂತ್ರಾಂಶಗಳನ್ನು ಲಿನಕ್ಸ್‌ನಲ್ಲೇ ನಡೆಸುವ ವೈನ್ ಇದ್ದರಾಯಿತು.

ವೈನನ್ನು ನಿಮ್ಮ ಲಿನಕ್ಸ್‌ನ ಸಾಫ್ಟ್‌ವೇರ್ ಭಂಡಾರದಿಂದಲೇ ಹಾಕಿಕೊಳ್ಳಿ. ವರ್ಚುವಲ್‌ಡಬ್‌ನ ಹೊಸ ರೂಪವಾದ ವರ್ಚುವಲ್‌ಡಬ್2ರ ಜಿಪ್ ಇಳಿಸಿ ಬಿಚ್ಚಿ. ಇನ್‌ಸ್ಟಾಲ್ ಮಾಡುವ ರಗಳೆ ಇಲ್ಲ. ಒಳಗೆ 64 ಬಿಟ್‌ನದು, 32 ಬಿಟ್‌ನದು ಎಂದು ಬೇರೆ ಬೇರೆ ಇಎಕ್ಸ್‌ಇ (ತಂತ್ರಾಂಶ ತೆರೆಯುವ ಫೈಲ್) ಇರುತ್ತವೆ. ವರ್ಚುವಲ್‌ಡಬ್64 ಎಂಬ ಹೆಸರಿನದನ್ನು ವೈನ್‌ನಿಂದ ತೆರೆಯಿರಿ. ಹಳೆಯ 32 ಬಿಟ್ ಫಿಲ್ಟರ್ ಬೇಕೆಂದರೆ 64 ಇಲ್ಲದ ವರ್ಚುವಲ್‌ಡಬ್ ಅನ್ನೇ ತೆರೆಯಬೇಕು. ಅದಕ್ಕೆ ಡೆಬಿಯನ್, ಉಬುಂಟುಗಳಲ್ಲಿ ವೈನ್‌ನ 32 ಬಿಟ್ ಪ್ಯಾಕೇಜ್ ಬೇರೆಯಾಗಿ ಹಾಕಬೇಕಾಗುತ್ತದೆ.

ಫೈಲ್ ತೆರೆಯುವಾಗ 'ನನ್ನ ವಿಡಿಯೊ ಎಲ್ಲಿ?' ಎಂದು ಹುಡುಕುವವರೇ ಜಾಸ್ತಿ. ಅಲ್ಲಿ ಕಾಣುವ ಸಿ ಡ್ರೈವ್ ವೈನ್ ಕಟ್ಟಿಕೊಂಡ ಒಂದು ಫೋಲ್ಡರ್ ಅಷ್ಟೆ. ನಿಮ್ಮ ಲಿನಕ್ಸ್ ಪೂರ್ತಿ ಇರುವುದು ಜಡ್ ಡ್ರೈವ್‌ನಲ್ಲಿ. ಅದರೊಳಗೆ ಹೋಮ್, ಹೋಮ್‌ನೊಳಗೆ ನಿಮ್ಮ ಹೆಸರು.

ಇನ್ನು ಮುಖ್ಯ ಕೆಲಸ. ನಮ್ಮ ಕ್ಯಾಸೆಟ್‌ಗಳು ಪಾಲ್ ಎಂಬ ಟಿವಿ ಪದ್ಧತಿಯವು: ಸೆಕೆಂಡಿಗೆ 25 ಫ್ರೇಮ್, ಒಂದೊಂದರಲ್ಲೂ ಬೆಸ ಗೆರೆಗಳದ್ದೊಂದು, ಸಮ ಗೆರೆಗಳದ್ದೊಂದು ಫೀಲ್ಡ್, ಅಂದರೆ ಅರ್ಧ ಚಿತ್ರ. ಎರಡರ ನಡುವೆ 1/50 ಸೆಕೆಂಡ್ ಅಂತರ. ವೇಷಧಾರಿ ನಿಂತು ಅರ್ಥ ಹೇಳುವಾಗ ಏನೂ ಗೊತ್ತಾಗುವುದಿಲ್ಲ. ದಿಗಿಣ (ಹಾರಿ ಸುತ್ತುವ ಕುಣಿತ) ಹಾಕಿದನೋ, ಕಿರೀಟದ ಅಂಚಿಗೆಲ್ಲ ಬಾಚಣಿಗೆಯ ಹಲ್ಲು ಮೂಡುತ್ತವೆ. ವಿಡಿಯೊ ಮೆನುವಿನ ಫಿಲ್ಟರ್ಸ್‌ಗೆ ಹೋಗಿ ಈ ಹಲ್ಲು ತೆಗೆಯುವ ಡಿಇಂಟರ್‌ಲೇಸ್ ಸೇರಿಸಿ, ಅದರಲ್ಲಿ ಯಾಡಿಫ್ ಎಂಬ ವಿಧಾನ ಆರಿಸಿ, ಫ್ರೇಮ್ ರೇಟ್ ದುಪ್ಪಟ್ಟು ಮಾಡಿ. 50 ಫ್ರೇಮ್ ಸಿಕ್ಕರೆ ಹೆಜ್ಜೆಗಾರಿಕೆ ನುಣುಪಾಗಿ ಕಾಣುತ್ತದೆ. 25ಕ್ಕೇ ಇಳಿಸಿದರೆ ಅರ್ಧ ಚಲನೆ ಹೋದಂತೆಯೇ, ನನಗಂತೂ ಒಪ್ಪಿಗೆಯಿಲ್ಲ. ಕಾಲು ಮುಂದೆ ಹೋಗಿ ಹಿಂದಕ್ಕೆ ಜಗ್ಗಿದಂತೆ ಕಂಡರೆ ಫೀಲ್ಡ್‌ಗಳ ಸರದಿ ತಿರುಗುಮುರುಗಾಗಿದೆ; ಮೇಲಿನದು ಮೊದಲು ಎಂದಿದ್ದನ್ನು ಕೆಳಗಿನದು ಮೊದಲು ಎಂದು ಬದಲಿಸಿ. ದಿಗಿಣದ ತುಣುಕಿನಲ್ಲೇ ಪರೀಕ್ಷಿಸಿ.

ಕಂಪ್ರೆಶನ್‌ನಲ್ಲಿ ಎಫ್‌ಎಫ್‌ವಿ1 ಎಂಬ ಕೋಡೆಕ್ ಆರಿಸಿ ಎವಿಐ ಆಗಿ ಉಳಿಸಿ. ಗುಣಮಟ್ಟ ಕೆಡುವುದಿಲ್ಲ, ಕೆಡೆನ್‌ಲೈವ್ ಅದನ್ನು ಓದುತ್ತದೆ. ಕನ್ನಡದ ಶೀರ್ಷಿಕೆ ಅಲ್ಲೇ ಹಾಕಿ. ಕ್ಯಾಸೆಟ್‌ನಿಂದ ಡಿವಿ (ಡಿಜಿಟಲ್ ವಿಡಿಯೊ) ರೂಪದಲ್ಲಿ ಇಳಿಸಿದ ಮೂಲವೇ ಗಂಟೆಗೆ ಸುಮಾರು 13 ಜಿಬಿ ಇರುತ್ತದೆ, ಇದು ಅದಕ್ಕಿಂತ ದೊಡ್ಡದಾಗುತ್ತದೆ. ಮೂರು ಗಂಟೆಯ ಕ್ಯಾಸೆಟ್ ಆದರೆ ಪದ್ಯ ಪದ್ಯವಾಗಿ ತುಂಡು ಮಾಡಿಯೇ ಉಳಿಸಿ.

ಅಡೋಬಿಯ ವಿಡಿಯೊ ಎಡಿಟರ್ ಪ್ರೀಮಿಯರ್ ಕೂಡ ಹೀಗೇ ನಡೆಯುತ್ತದಾ ಎಂದು ಕೇಳುವವರಿದ್ದಾರೆ. ಅದಕ್ಕೆ ವೈನನ್ನು ನೆಚ್ಚಿಕೊಳ್ಳಬೇಡಿ, ವಿಂಡೋಸ್ ಇರುವ ಕಂಪ್ಯೂಟರನ್ನೇ ಬಳಸಿ.