ತಾಂಡಾದ ಮತಗಟ್ಟೆ: ತಡವಾಗಿ ಹಾಕಿದ ಅರ್ಜಿ, ಬೇಗ ಕೊಟ್ಟ ತಕರಾರು

2015ರ ಗ್ರಾಮ ಪಂಚಾಯಿತಿ ಚುನಾವಣೆಗೆ ಇನ್ನು ಎಂಟೇ ದಿನ ಇದ್ದಾಗ ತಾಂಡಾದ ಐದಾರು ಜನ ನನ್ನ ಆಫೀಸಿಗೆ ಬಂದರು. ಮತಗಟ್ಟೆ ಹಳ್ಳದಾಚೆಯ ಊರಿನ ಶಾಲೆಯಲ್ಲಿತ್ತು. ಮಳೆ ಬಿದ್ದರೆ ಹಳ್ಳ ದಾಟುವಂತಿಲ್ಲ, ಸುತ್ತಿ ಹೋಗಬೇಕು. ವಕೀಲಿ ಪ್ರಾಕ್ಟೀಸಿಗೆ ಹೊಸಬ ನಾನು. ಮತಗಟ್ಟೆ ಬದಲಿಸಬೇಕೆಂದು ಅಂದೇ ರಾತ್ರಿ ಕೂತು ಹೈಕೋರ್ಟಿಗೆ ರಿಟ್ ಅರ್ಜಿ ಬರೆದೆ.

ಹೈಕೋರ್ಟಿನಲ್ಲಿ ಹತ್ತು ನಿಮಿಷವೂ ನಿಲ್ಲಲಿಲ್ಲ. ಸಂವಿಧಾನದ 243-ಓ ವಿಧಿ ಎದುರಿಗಿತ್ತು: ಪಂಚಾಯಿತಿ ಚುನಾವಣೆಯನ್ನು ಪ್ರಶ್ನಿಸುವುದಿದ್ದರೆ ಚುನಾವಣಾ ತಕರಾರು ಅರ್ಜಿಯ ಮೂಲಕವೇ ಪ್ರಶ್ನಿಸಬೇಕು. ‘ಚುನಾವಣೆ’ ಎಂದರೆ ಬರೀ ಮತದಾನದ ದಿನವಲ್ಲ, ಅಧಿಸೂಚನೆಯಿಂದ ಫಲಿತಾಂಶದವರೆಗಿನ ಇಡೀ ಪ್ರಕ್ರಿಯೆ ಎಂದು ಸುಪ್ರೀಂ ಕೋರ್ಟ್ 1952ರ ಪೊನ್ನುಸ್ವಾಮಿ ಪ್ರಕರಣದಲ್ಲೇ ಹೇಳಿದೆ. ಸಾಲದ್ದಕ್ಕೆ ‘ಮತಗಟ್ಟೆ 2 ಕಿ.ಮೀ. ಒಳಗಿರಬೇಕು’ ಎಂದು ನಾನು ತೋರಿಸಿದ್ದು ಭಾರತ ಚುನಾವಣಾ ಆಯೋಗದ ಕೈಪಿಡಿ. ಅದು ಲೋಕಸಭೆ, ವಿಧಾನಸಭೆಗೆ. ಪಂಚಾಯಿತಿ ಚುನಾವಣೆ ನಡೆಸುವುದು 243-ಕೆ ವಿಧಿಯಡಿಯ ರಾಜ್ಯ ಚುನಾವಣಾ ಆಯೋಗ. ಸರ್ಕಾರಿ ವಕೀಲರು ನಗುತ್ತಲೇ ಅದನ್ನು ಎತ್ತಿ ತೋರಿಸಿದರು. ಆ ನಗು ಇನ್ನೂ ಮರೆತಿಲ್ಲ.

ತಾಂಡಾದ ಅಭ್ಯರ್ಥಿ 11 ಮತಗಳಿಂದ ಸೋತ. ಪಂಚಾಯತ್ ರಾಜ್ ಕಾಯ್ದೆಯ 15ನೇ ಸೆಕ್ಷನ್ ಅಡಿ ಫಲಿತಾಂಶ ಘೋಷಣೆಯಾದ 30 ದಿನದೊಳಗೆ ಸಿವಿಲ್ ಕೋರ್ಟಿಗೆ ಹೋದೆವು. ಅಲ್ಲಿ ಇನ್ನೊಂದು ಗೋಡೆ. ನಿಯಮ ತಪ್ಪಿದೆ ಎಂದರಷ್ಟೇ ಸಾಲದು, ಅದರಿಂದ ಫಲಿತಾಂಶವೇ ಬದಲಾಯಿತು ಎಂದು ತೋರಿಸಬೇಕು. ತಾಂಡಾದಲ್ಲಿ ಮತ ಹಾಕದವರು 26 ಜನ. ಪಾಟೀ ಸವಾಲಿನಲ್ಲಿ ಒಬ್ಬೊಬ್ಬರ ಹೆಸರೂ ಹೊರಬಂತು: ಒಂಬತ್ತು ಜನ ಗೋವಾಕ್ಕೆ ದುಡಿಯಲು ಹೋದವರು, ನಾಲ್ವರು ತೀರಿಕೊಂಡು ವರ್ಷವಾದವರು. ‘ಹಳ್ಳದ ದೆಸೆಯಿಂದಲೇ ಹೋಗಲಿಲ್ಲ’ ಎಂದು ಸಾಕ್ಷಿ ಕಟ್ಟೆ ಹತ್ತಿದವರು ಮೂವರು. ಅರ್ಜಿ ವಜಾ ಆಯಿತು, ಆಗಬೇಕಾದ್ದೇ.

2020ರಲ್ಲಿ ಚುನಾವಣೆಯ ಸುಳಿವು ಸಿಕ್ಕ ಕೂಡಲೇ ಕೆಲಸ ಶುರುಮಾಡಿದೆ. ಮೊದಲು ತಾಂಡಾದವರನ್ನು ಕೇಳಿದ್ದು, ‘ನಿಮಗೆ ದಾರಿ ದೂರವೋ, ಬೂತ್ ಎದುರು ಪಾರ್ಟಿಯವರ ಓಣಿಯಲ್ಲಿದೆಯೋ?’ ಇಂಥ ತಕರಾರುಗಳಲ್ಲಿ ಎಷ್ಟೋ ಎರಡನೆಯ ಬಗೆಯವು, ನಾನು ಮುಟ್ಟುವುದಿಲ್ಲ. ಆಮೇಲೆ ಬೈಕಿನಲ್ಲಿ ಅಳೆದೆ. ಹಳ್ಳ ದಾಟಿದರೆ 1.9 ಕಿ.ಮೀ., ಸೇತುವೆ ಸುತ್ತಿದರೆ 4.6. ಮೀಟರಿನ ಫೋಟೊ, ಹಳ್ಳ ಕಾಣುವ ಗ್ರಾಮ ನಕ್ಷೆ, ಪಟ್ಟಿಯಿಂದ ಎಣಿಸಿ ತೆಗೆದ ತಾಂಡಾದ ಮತದಾರರ ಸಂಖ್ಯೆ. ಅಲ್ಲಿನ ಕಿರಿಯ ಪ್ರಾಥಮಿಕ ಶಾಲೆಯಲ್ಲಿ ಕರೆಂಟು, ಶೌಚಾಲಯ, ಇಳಿಜಾರು ಇವೆ ಎಂದು ಮುಖ್ಯೋಪಾಧ್ಯಾಯರ ಪತ್ರ. ಇಷ್ಟನ್ನೂ ಲಗತ್ತಿಸಿ ತಹಶೀಲ್ದಾರರ ಮೂಲಕ ಜಿಲ್ಲಾಧಿಕಾರಿಗೆ ಮನವಿ, ರಾಜ್ಯ ಆಯೋಗಕ್ಕೆ ಪ್ರತಿ. ಎರಡನೇ ಪ್ರತಿಯ ಮೇಲೆ ಸೀಲು, ಸಹಿ, ತಾರೀಖು ಬೀಳುವವರೆಗೂ ಟಪಾಲು ವಿಭಾಗದ ಮುಂದಿನಿಂದ ಕದಲಲಿಲ್ಲ. ಅಧಿಸೂಚನೆ ಆಮೇಲೆ ಬಂತು.

ಸ್ಥಳ ಪರಿಶೀಲನೆಗೆ ತಲಾಟಿ, ಅಂದರೆ ಗ್ರಾಮ ಲೆಕ್ಕಿಗ, ಬಂದ. ‘ವಕೀಲ್ರ, ನಕಾಶೆದಾಗ ಎರಡ ಕಿಲೋಮೀಟರ್ ಒಳಗ ಐತಲ್ರೀ’ ಎಂದ. ‘ಬರ್ರಿ, ನಕಾಶೆದ ದಾರಿಲೇ ಹೋಗೂಣು’ ಎಂದೆ. ಹಳ್ಳದ ದಂಡೆಯಲ್ಲಿ ನಿಂತು ನೀರು ನೋಡಿದ, ಬೂಟು ಬಿಚ್ಚಿದ, ಪ್ಯಾಂಟು ಮಡಚಿ ನಾಲ್ಕು ಹೆಜ್ಜೆ ಇಟ್ಟ. ಮೊಣಕಾಲಿಗೆ ನೀರು ಬಂದಾಗ ಹಿಂದಿರುಗಿ ನನ್ನ ಮುಖ ನೋಡಿದ. ದಂಡೆಗೆ ಬಂದವನೇ ಮಹಜರು ಬರೆದ. ಅದರಲ್ಲಿ ‘ನಡಿಗೆಯ ದಾರಿ 4.6 ಕಿ.ಮೀ.’ ಎಂದಿತ್ತು. ನನ್ನ ಆರು ಪುಟದ ಮನವಿಗಿಂತ ಅವನ ಅದೊಂದು ಸಾಲು ಹೆಚ್ಚು ಕೆಲಸ ಮಾಡಿತು.

ಡಿಸೆಂಬರಿನ ಮತದಾನಕ್ಕೆ ತಾಂಡಾ ಶಾಲೆಯಲ್ಲಿ ಹೆಚ್ಚುವರಿ ಮತಗಟ್ಟೆ ಬಂತು. ಕೋರ್ಟಿಗೆ ಹೋಗುವ ಪ್ರಸಂಗವೇ ಬರಲಿಲ್ಲ. ಆದರೆ ಮತಗಟ್ಟೆಗಳ ಪಟ್ಟಿ ಪ್ರತಿ ಚುನಾವಣೆಗೂ ಹೊಸದಾಗಿ ಆಗುತ್ತದೆ, ಒಮ್ಮೆ ಬಂದ ಬೂತ್ ಮತ್ತೆ ಬಂದೇ ಬರುತ್ತದೆ ಎಂದು ನೆಚ್ಚಿಕೊಳ್ಳುವಂತಿಲ್ಲ. ಸೀಲು ಬಿದ್ದ ಆ ಪ್ರತಿ, ನಕ್ಷೆ, ಮಹಜರಿನ ನಕಲು ಈಗ ತಾಂಡಾದ ಡಿಗ್ರಿ ಓದಿದ ಹುಡುಗನೊಬ್ಬನ ಟ್ರಂಕಿನಲ್ಲಿವೆ. ಮುಂದಿನ ಸಲ ಅವನು ಮತದಾರರ ಎಣಿಕೆಯೊಂದನ್ನು ಹೊಸದಾಗಿ ಹಾಕಿಕೊಂಡರಾಯಿತು.