ಮನೆಯಲ್ಲೇ ಕೂಡಿಹಾಕಿದ್ದರೆ ಹೇಬಿಯಸ್ ಕಾರ್ಪಸ್ ಅರ್ಜಿ ಸಲ್ಲಿಸುವುದು ಹೇಗೆ?

ಬೆಂಗಳೂರಿನಲ್ಲಿ ಕೆಲಸಕ್ಕಿದ್ದ ಯುವತಿಯೊಬ್ಬಳು ತಾನು ಮೆಚ್ಚಿದವನನ್ನು ಮದುವೆಯಾದಳೆಂದು, ಅಥವಾ ಆಗುತ್ತೇನೆಂದು ಹೇಳಿದಳೆಂದು ಹೆತ್ತವರು ಅವಳನ್ನು ಊರಿಗೆ ಕರೆದೊಯ್ದು, ಫೋನು ಕಿತ್ತುಕೊಂಡು ಕೂಡಿಹಾಕಿದರೆ, ಅದನ್ನು ಮನೆಯೊಳಗಿನ ವಿಷಯವೆಂದು ಕಾನೂನು ಕೈಬಿಡುವುದಿಲ್ಲ. ಅವಳನ್ನು ತನ್ನ ಮುಂದೆ ಹಾಜರುಪಡಿಸಲು ಆದೇಶಿಸುವ ಅಧಿಕಾರ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗಿದೆ. ಆ ಆದೇಶ ಕೋರಿ ಸಲ್ಲಿಸುವುದೇ ಹೇಬಿಯಸ್ ಕಾರ್ಪಸ್ ಅರ್ಜಿ. ಬಂಧನದಲ್ಲಿರುವವರು ತಾವೇ ಬರಲಾಗದು. ಆದ್ದರಿಂದ ಸಂಗಾತಿಯಾಗಲಿ ಗೆಳತಿಯಾಗಲಿ ಅವರ ಪರವಾಗಿ ಅರ್ಜಿ ಸಲ್ಲಿಸಬಹುದು.

ಜೀವಭಯವಿದ್ದರೆ ಮೊದಲು 112ಕ್ಕೆ ಕರೆ ಮಾಡಿ. ನಂತರ ಠಾಣೆಗೆ ಲಿಖಿತ ದೂರು ಕೊಟ್ಟು ಸ್ವೀಕೃತಿ ಪಡೆಯಿರಿ. ‘ಇದು ಕುಟುಂಬದ ವಿಚಾರ’ ಎಂದು ಪೊಲೀಸರು ಹಿಂಬರಹ (ಲಿಖಿತ ಉತ್ತರ) ಕೊಟ್ಟರೆ ನಿರಾಶರಾಗದೆ ಅದನ್ನು ಜೋಪಾನವಾಗಿಡಿ. ಪೊಲೀಸರು ಏನು ಮಾಡಿದರೆಂಬ ನ್ಯಾಯಾಲಯದ ಪ್ರಶ್ನೆಗೆ ಆ ಹಾಳೆಯೇ ಉತ್ತರ. ಎಲ್ಲಿ ಕೂಡಿಹಾಕಿದ್ದಾರೆಂದು ಖಚಿತವಾಗಿ ಗೊತ್ತಿದ್ದರೆ, ಹಳೆಯ ಸಿಆರ್‌ಪಿಸಿಯ ಜಾಗಕ್ಕೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 100ನೇ ಸೆಕ್ಷನ್ ಅಡಿ ಶೋಧನಾ ವಾರಂಟ್ ಕೋರಿ ಮ್ಯಾಜಿಸ್ಟ್ರೇಟರ ಬಳಿಗೂ ಹೋಗಬಹುದು.

ದಾಖಲೆಗಳಲ್ಲಿ ವಯಸ್ಸಿನದೇ ಮುಖ್ಯ. ಎಸ್ಸೆಸ್ಸೆಲ್ಸಿ ಅಂಕಪಟ್ಟಿಯ ಪ್ರತಿ ಇದ್ದರೆ ಒಳ್ಳೆಯದು. ಹದಿನೆಂಟು ತುಂಬಿರದಿದ್ದರೆ ಇಡೀ ಪ್ರಕರಣದ ದಾರಿಯೇ ಬೇರೆ. ವಿವಾಹ ನೋಂದಣಿ ಪತ್ರವಿದ್ದರೆ ಲಗತ್ತಿಸಿ, ಇಲ್ಲದಿದ್ದರೆ ಅರ್ಜಿ ಬಿದ್ದುಹೋಗುವುದಿಲ್ಲ: ಮದುವೆಯಾಗದೆಯೂ ಇಬ್ಬರು ವಯಸ್ಕರು ಒಟ್ಟಿಗೆ ಬಾಳಬಹುದೆಂದು ಸುಪ್ರೀಂ ಕೋರ್ಟ್ 2018ರಲ್ಲೇ ಹೇಳಿದೆ. ‘ನನ್ನನ್ನು ಬಿಡುತ್ತಿಲ್ಲ’ ಎಂದು ಅವಳು ಕಳುಹಿಸಿದ ಸಂದೇಶವಿದ್ದರೆ ಅದು ಬಹಳ ಬೆಲೆಯುಳ್ಳದ್ದು.

ಅರ್ಜಿಯ ಬರವಣಿಗೆಯಲ್ಲಿ ಹೆಚ್ಚಿನವರು ಎಡವುತ್ತಾರೆ. ‘ನನ್ನ ಹೆಂಡತಿಯನ್ನು ನನಗೆ ಒಪ್ಪಿಸಿ’ ಎಂದು ಬರೆದರೆ, ತಂದೆ ಅವಳನ್ನು ತನ್ನ ಸ್ವತ್ತೆಂದು ಬಗೆದಂತೆಯೇ ಗಂಡನೂ ಬಗೆದಂತಾಗುತ್ತದೆ. ಅವಳ ಇಚ್ಛೆಗೆ ವಿರುದ್ಧವಾಗಿ ಯಾರು, ಯಾವ ದಿನ, ಎಲ್ಲಿಂದ ಕರೆದೊಯ್ದರು, ಕೊನೆಯ ಮಾತು ಯಾವಾಗ ಆಯಿತು ಎಂಬುದನ್ನಷ್ಟೇ ಕ್ರಮವಾಗಿ ಬರೆದು ಪ್ರಮಾಣಪತ್ರ (ಅಫಿಡವಿಟ್) ಸಲ್ಲಿಸಿ. ರಾಜ್ಯ ಸರ್ಕಾರ ಮತ್ತು ಪೊಲೀಸರ ಜೊತೆಗೆ ಕೂಡಿಹಾಕಿದವರನ್ನೂ ಪ್ರತಿವಾದಿಗಳನ್ನಾಗಿಸಿ. ಬಿಡುಗಡೆಯ ನಂತರವೂ ಭಯವಿದ್ದರೆ ಪೊಲೀಸ್ ರಕ್ಷಣೆಯ ಕೋರಿಕೆಯನ್ನು ಇದೇ ಅರ್ಜಿಯಲ್ಲಿ ಸೇರಿಸಿ.

ವಿಧಾನಸೌಧದ ಎದುರಿನ ಹೈಕೋರ್ಟಿನಲ್ಲಿ ಇಂಥ ಅರ್ಜಿಗಳನ್ನು ಇಬ್ಬರು ನ್ಯಾಯಮೂರ್ತಿಗಳ ವಿಭಾಗೀಯ ಪೀಠ ಆಲಿಸುತ್ತದೆ. ಧಾರವಾಡ, ಕಲಬುರಗಿಗಳಲ್ಲೂ ಪೀಠಗಳಿವೆ. ಅವಳನ್ನು ಕರೆದೊಯ್ದ ಊರು ಆ ಕಡೆಯದಾದರೆ ಎಲ್ಲಿ ಸಲ್ಲಿಸಬೇಕೆಂಬುದನ್ನು ವಕೀಲರೊಂದಿಗೆ ಮೊದಲೇ ನಿರ್ಧರಿಸಿಕೊಳ್ಳಿ. ವಕೀಲರಿಗೆ ಕೊಡಲು ಹಣವಿಲ್ಲದವರು ಕಾನೂನು ಸೇವೆಗಳ ಸಹಾಯವಾಣಿ 15100ಕ್ಕೆ ಕರೆ ಮಾಡಿ; ಅರ್ಜಿದಾರರು ಮಹಿಳೆಯಾಗಿದ್ದರೆ ಆದಾಯ ಎಷ್ಟೇ ಇದ್ದರೂ ಉಚಿತ ನೆರವಿಗೆ ಅರ್ಹರು.

ವಿಚಾರಣೆಯ ದಿನ ನ್ಯಾಯಪೀಠವು ಮುಖ್ಯವಾಗಿ ಕೇಳುವುದು ಅವಳ ಮಾತನ್ನು. ಹೆತ್ತವರ ಕಣ್ಣೆದುರಿಗಲ್ಲದೆ ಖಾಸಗಿಯಾಗಿ ಮಾತನಾಡಿಸಬೇಕು, ಮನಸ್ಸು ಬದಲಾಯಿಸಲು ಯತ್ನಿಸಬಾರದು ಎಂದು ಸುಪ್ರೀಂ ಕೋರ್ಟ್ 2024ರ ಮಾರ್ಚ್‌ನಲ್ಲಿ ಮಾರ್ಗಸೂಚಿ ಕೊಟ್ಟಿದೆ. ಅಂಥ ಏರ್ಪಾಡು ಕಾಣದಿದ್ದರೆ ನಿಮ್ಮ ವಕೀಲರು ಎದ್ದುನಿಂತು ಕೇಳಲೇಬೇಕು. ತಂದೆಯ ಇಚ್ಛೆಗೆ ವಿರುದ್ಧವಾಗಿ ಮದುವೆಯಾದ ಯುವತಿ ಹಾದಿಯಾಳ ಪ್ರಕರಣದಲ್ಲಿ ಕೇರಳ ಹೈಕೋರ್ಟ್ ಇಂಥ ಅರ್ಜಿಯಲ್ಲೇ ಮದುವೆಯನ್ನು ರದ್ದುಪಡಿಸಿದ್ದು ತಪ್ಪೆಂದು 2018ರಲ್ಲಿ ಸುಪ್ರೀಂ ಕೋರ್ಟ್ ತೀರ್ಪಿತ್ತಿತು. 2020ರ ನವೆಂಬರ್‌ನಲ್ಲಿ ನಮ್ಮ ಹೈಕೋರ್ಟ್ ಕೂಡ, ಮೆಚ್ಚಿದವರನ್ನು ಮದುವೆಯಾಗುವುದು ವಯಸ್ಕರ ಮೂಲಭೂತ ಹಕ್ಕೆಂದು ಹೇಳಿ, ಆಶ್ರಯ ಕೇಂದ್ರದಲ್ಲಿದ್ದ ಯುವತಿಯನ್ನು ಬಿಡುಗಡೆಗೊಳಿಸಿತು.

ತಾನೇ ಇಷ್ಟಪಟ್ಟು ತವರಿಗೆ ಬಂದಿದ್ದೇನೆಂದು ಅವಳು ಹೇಳಿದರೆ ಅರ್ಜಿ ಅಲ್ಲಿಗೆ ಮುಗಿಯುತ್ತದೆ. ದಾಂಪತ್ಯದ ವ್ಯಾಜ್ಯವಿದ್ದರೆ ಅದರ ಜಾಗ ಕೌಟುಂಬಿಕ ನ್ಯಾಯಾಲಯ. ಗಂಡನ ಮನೆಗೂ ಬೇಡ, ತವರಿಗೂ ಬೇಡ, ಹಾಸ್ಟೆಲಿನಲ್ಲಿದ್ದು ಓದುತ್ತೇನೆ ಎಂದರೆ ಅದೂ ಅವಳ ಹಕ್ಕೇ. ಅರ್ಜಿದಾರರು ಆ ಉತ್ತರಕ್ಕೂ ಸಿದ್ಧರಾಗಿಯೇ ನ್ಯಾಯಾಲಯಕ್ಕೆ ಬರಬೇಕು.